ಸೇತುವೆ ಮೇಲೆ ಬಸ್ಸು ಬದಿ ಬದಲಿಸುತ್ತದೆ, ಮಾತು ಬದಲಿಸುವುದಿಲ್ಲ

ಥಾಯ್ಲೆಂಡಿನ ನೊಂಗ್ ಖಾಯ್ ಊರಿನಿಂದ ಲಾವೋಸ್‌ಗೆ ಹೋಗಲು ಮೆಕಾಂಗ್ ನದಿಯ ಮೇಲೆ ಒಂದು ಸ್ನೇಹ ಸೇತುವೆ ಇದೆ. 1994ರಲ್ಲಿ ಆಸ್ಟ್ರೇಲಿಯಾದ ದುಡ್ಡಿನಲ್ಲಿ ಕಟ್ಟಿದ್ದು. ಉದ್ದ ಒಂದು ಕಿಲೋಮೀಟರಿಗಿಂತ ಸ್ವಲ್ಪ ಜಾಸ್ತಿ. ಥಾಯ್ಲೆಂಡಿನಲ್ಲಿ ನಮ್ಮ ಹಾಗೆ ರಸ್ತೆಯ ಎಡಕ್ಕೆ ಗಾಡಿ ಓಡಿಸುತ್ತಾರೆ, ಲಾವೋಸಿನಲ್ಲಿ ಬಲಕ್ಕೆ. ಹಾಗಾಗಿ ಸೇತುವೆ ಇಳಿದ ಬಸ್ಸು ಅಡ್ಡ ಹಾಯ್ದು ಬದಿ ಬದಲಿಸುತ್ತದೆ. ನೋಟು ಬದಲಾಗುತ್ತದೆ, ಬಾವುಟ ಬದಲಾಗುತ್ತದೆ, ಬೋರ್ಡಿನ ಮೇಲಿನ ಲಿಪಿಯೂ ಬದಲಾಗುತ್ತದೆ. ಸಂತೆಯಲ್ಲಿ ಮೀನು ಮಾರುವ ಹೆಂಗಸಿನ ಮಾತು ಮಾತ್ರ ಬದಲಾಗುವುದಿಲ್ಲ. ಈ ದಡದಲ್ಲೂ ಮೀನಿಗೆ 'ಪಾ', ಆ ದಡದಲ್ಲೂ 'ಪಾ'. ಅದು 'ಪ್ಲಾ' ಆಗಬೇಕಾದರೆ ಸುಮಾರು 600 ಕಿಲೋಮೀಟರ್ ತೆಂಕಣಕ್ಕೆ ಇಳಿದು ಬ್ಯಾಂಕಾಕ್ ಸೇರಬೇಕು.

ಎರಡು ದೇಶಗಳ ಗಡಿ ನದಿಯಲ್ಲಿದೆ. ಎರಡು ಭಾಷೆಗಳ ಗಡಿ ನದಿಯಲ್ಲಿಲ್ಲ. ಇದನ್ನು ಗಮನಿಸದವರು "ಲಾವೊ ಅಂದರೆ ಥಾಯ್‌ನ ಹಳ್ಳಿ ಮಾತು" ಅಂತ ಒಂದೇ ಸಾಲಿನಲ್ಲಿ ಮುಗಿಸಿಬಿಡುತ್ತಾರೆ. ನಮ್ಮ ಕಡೆ ಇನ್ನೊಂದು ಮಾತು ಓಡಾಡುತ್ತದೆ. ಯಾರಾದರೂ ಬ್ಯಾಂಕಾಕ್ ನೋಡಿ ಬಂದರೆ ಸಾಕು, ವಾಟ್ಸಾಪ್‌ನಲ್ಲಿ ಶುರು: "ವಿಮಾನ ನಿಲ್ದಾಣದ ಹೆಸರೇ ಸುವರ್ಣಭೂಮಿ ಕಣ್ರೀ! ಹಳೇ ರಾಜಧಾನಿ ಅಯುತ್ಥಯ, ಅಂದ್ರೆ ಅಯೋಧ್ಯೆ. ಅವರ ಭಾಷೆ ಸಂಸ್ಕೃತದಿಂದಲೇ ಹುಟ್ಟಿದ್ದು."

ಇಲ್ಲ ಸ್ವಾಮಿ. ಕನ್ನಡದಲ್ಲಿ ಸಂಸ್ಕೃತದ ಪದ ಎಷ್ಟೇ ತುಂಬಿದ್ದರೂ ಕಣ್ಣು, ಕೈ, ನೀರು, ಮೀನು ನಮ್ಮವೇ ಅಲ್ವಾ? ಅಲ್ಲೂ ಅಷ್ಟೇ. ಕಣ್ಣಿಗೆ 'ತಾ', ನೀರಿಗೆ 'ನಾಮ್', ಅಕ್ಕಿಗೂ ಅನ್ನಕ್ಕೂ 'ಖಾವ್', ನಾಯಿಗೆ 'ಮಾ'. ಥಾಯ್, ಲಾವೊ ಎರಡರಲ್ಲೂ ಇವೇ ಪದಗಳು. ಸಂಸ್ಕೃತದ ಗಾಳಿಯೂ ಇವಕ್ಕೆ ಸೋಕಿಲ್ಲ. ಅಂಕಿಗಳನ್ನು ನೋಡಿದರೆ ಇನ್ನೂ ತಮಾಷೆ. ಮೂರಕ್ಕೆ 'ಸಾಮ್', ನಾಲ್ಕಕ್ಕೆ 'ಸೀ', ಹತ್ತಕ್ಕೆ 'ಸಿಪ್'. ಇವು ಹಿಂದೆ ಯಾವಾಗಲೋ ಚೀನೀ ಭಾಷೆಯಿಂದ ತಂದುಕೊಂಡ ಸಾಲ. ಹಾಗಂತ ಥಾಯ್ ಚೀನೀ ಭಾಷೆಯೂ ಅಲ್ಲ. ಮನೆಗೆ ಪಾತ್ರೆ ಪಕ್ಕದ ಮನೆಯಿಂದ ಬಂದಿರಬಹುದು, ಬಟ್ಟೆ ದೂರದ ಸಂತೆಯಿಂದ ಬಂದಿರಬಹುದು. ಅಷ್ಟಕ್ಕೇ ಮನೆಯವರ ಅಪ್ಪ-ಅಮ್ಮ ಬದಲಾಗುವುದಿಲ್ಲ.

ಆ ಅಪ್ಪ-ಅಮ್ಮನ ಮನೆ ಇದ್ದದ್ದು ಈಗಿನ ದಕ್ಷಿಣ ಚೀನಾದಲ್ಲಿ, ಗ್ವಾಂಗ್‌ಶಿ ಮತ್ತು ಅದರ ಸುತ್ತಮುತ್ತ. ಅಲ್ಲಿನ ಝುವಾಂಗ್ ಜನ ಇವತ್ತಿಗೂ ಇದೇ ಕುಟುಂಬದ, ಅಂದರೆ 'ತಾಯ್' ಎಂದು ಕರೆಯುವ ಕುಟುಂಬದ ಭಾಷೆ ಆಡುತ್ತಾರೆ. ಸಾವಿರ ವರ್ಷಕ್ಕೂ ಹಿಂದೆ ಅಲ್ಲಿಂದ ಗುಂಪು ಗುಂಪಾಗಿ, ಭತ್ತ ಬೆಳೆಯುವ ಕಣಿವೆಗಳನ್ನು ಹುಡುಕಿಕೊಂಡು ಜನ ನೈರುತ್ಯಕ್ಕೆ ಬಂದರು. ಥಾಯ್, ಲಾವೊ, ಬರ್ಮಾದ ಶಾನ್, ಎಲ್ಲರೂ ಈ ವಲಸೆಯ ಕೂಸುಗಳೇ. ಒಂದು ಕವಲು ನಮ್ಮ ದೇಶಕ್ಕೂ ಬಂತು. 1228ರಲ್ಲಿ ಸುಕಾಫಾ ಎಂಬ ರಾಜಕುಮಾರ ಪಾಟ್ಕಾಯ್ ಬೆಟ್ಟ ದಾಟಿ ಅಸ್ಸಾಮಿಗೆ ಬಂದು ಅಹೋಂ ರಾಜ್ಯ ಕಟ್ಟಿದ. ಅರುಣಾಚಲದಲ್ಲಿ ನಾಮ್‌ಸಾಯ್ ಎಂಬ ಜಿಲ್ಲೆ ಇದೆ. ಅಲ್ಲಿರುವ 'ನಾಮ್' ಬ್ಯಾಂಕಾಕ್‌ನ ಹೋಟೆಲಿನಲ್ಲಿ ನೀರು ಕೇಳುವಾಗ ಹೇಳುವ ಅದೇ 'ನಾಮ್'.

ಇದೆಲ್ಲ ಹೇಗೆ ಗೊತ್ತಾಯಿತು? ಪದಗಳು ಒಂದೇ ಥರ ಕೇಳಿಸುತ್ತವೆ ಅಂತಲೇ? ಅಷ್ಟು ನಂಬಿದರೆ ಕೆಟ್ಟೆವು. ಒಂದು ಕಾಲದಲ್ಲಿ ಥಾಯ್ ಶಾಲೆಗಳ ಪಠ್ಯದಲ್ಲೇ "ನಾವು ಮಂಗೋಲಿಯಾ ಕಡೆಯ ಅಲ್ತಾಯ್ ಬೆಟ್ಟಗಳಿಂದ ಬಂದವರು" ಅಂತ ಇತ್ತು. ಅದರ ಹಿಂದಿನ ಮುಖ್ಯ ಪುರಾವೆ ಏನು? ಅಲ್ತಾಯ್ ಅನ್ನುವುದರಲ್ಲಿ 'ತಾಯ್' ಇದೆಯಲ್ಲ, ಅದು! ಹಾಗೆ ನೋಡಿದರೆ ನಮ್ಮ ತಾಯಿಯೂ ಥಾಯ್ ಆಗಬೇಕು.

ನೆಂಟಸ್ತಿಕೆಯನ್ನು ತೋರಿಸುವುದು ಹೋಲಿಕೆ ಅಲ್ಲ, ವ್ಯತ್ಯಾಸ. ಆದರೆ ಆ ವ್ಯತ್ಯಾಸಕ್ಕೆ ಒಂದು ಶಿಸ್ತಿರಬೇಕು. ಹಳಗನ್ನಡದ ಪಾಲ್, ಪಲ್, ಪುಲಿ ಈಗ ಹಾಲು, ಹಲ್ಲು, ಹುಲಿ. ತಮಿಳಿನಲ್ಲಿ ಇಂದಿಗೂ ಪಾಲ್, ಪಲ್, ಪುಲಿ. ಒಂದೊಂದು ಪದ ಒಂದೊಂದು ದಾರಿ ಹಿಡಿಯಲಿಲ್ಲ. ಮೊದಲ ಪಕಾರಗಳು ಮೆರವಣಿಗೆ ಹೊರಟಂತೆ ಒಟ್ಟಿಗೇ ಹಕಾರಕ್ಕೆ ಹೋದವು. ಮೆಕಾಂಗ್ ದಂಡೆಯಲ್ಲಿ ಈ ಕೆಲಸ ರಕಾರಕ್ಕೆ ಆಯಿತು. ಪ್ರೀತಿಗೆ ಬ್ಯಾಂಕಾಕ್‌ನಲ್ಲಿ 'ರಕ್', ಲಾವೊದಲ್ಲಿ 'ಹಕ್'. ನಾವು ಅನ್ನುವುದಕ್ಕೆ ಅಲ್ಲಿ 'ರಾವ್', ಇಲ್ಲಿ 'ಹಾವ್'. ಬಿಸಿಗೆ 'ರೋನ್', 'ಹೋನ್'. ಛಕಾರ ಸಕಾರವಾಯಿತು: ಆನೆಗೆ ಥಾಯ್‌ನಲ್ಲಿ 'ಛಾಂಗ್', ಲಾವೊದಲ್ಲಿ 'ಸಾಂಗ್'. 1353ರಲ್ಲಿ ಫಾ ಙುಮ್ ಕಟ್ಟಿದ ಲಾವೊ ರಾಜ್ಯದ ಹೆಸರು 'ಲಾನ್ ಸಾಂಗ್', ಅಂದರೆ ಹತ್ತು ಲಕ್ಷ ಆನೆ. ಥಾಯ್ ಜನ ಅದನ್ನೇ 'ಲಾನ್ ಛಾಂಗ್' ಅನ್ನುತ್ತಾರೆ. ಒತ್ತಕ್ಷರಗಳು ಲಾವೊದಲ್ಲಿ ಉದುರಿಹೋದವು: ಮೀನು 'ಪ್ಲಾ' ಇದ್ದದ್ದು 'ಪಾ', ಬಾಳೆಹಣ್ಣು 'ಕ್ಲುವೈ' ಇದ್ದದ್ದು 'ಕುವೈ'.

ಎಲ್ಲದರಲ್ಲೂ ಲಾವೊದ್ದೇ ಸವಕಲು ಅಂದುಕೊಳ್ಳಬೇಡಿ. ನಮ್ಮ ಅಕ್ಷರಮಾಲೆಯಲ್ಲಿ ಕೆಲಸವಿಲ್ಲದೆ ಕೂತಿರುವ 'ಞ' ಇದೆಯಲ್ಲ, ಲಾವೊದಲ್ಲಿ ಅದು ದಿನಬಳಕೆಯ ಸದ್ದು. ಸೊಳ್ಳೆಗೆ ಅವರು 'ಞುಂಗ್' ಅನ್ನುತ್ತಾರೆ. ಥಾಯ್‌ನಲ್ಲಿ ಅದು ಸವೆದು 'ಯುಂಗ್' ಆಗಿದೆ. ಹಣ್ಣಿಗೆ ಲಾವೊದಲ್ಲಿ 'ಮಾಕ್', ಮಾವಿನಹಣ್ಣು 'ಮಾಕ್ ಮುವಾಂಗ್'. ಥಾಯ್ ಜನರ ಬಾಯಲ್ಲಿ 'ಮಾಕ್' ಸವೆದು ಬರೀ 'ಮ' ಉಳಿದಿದೆ: 'ಮಮುವಾಂಗ್'. ಯಾವುದು ಮೂಲ, ಯಾವುದು ಹಳ್ಳಿ ರೂಪ ಅಂತ ಈಗ ಹೇಳಿ ನೋಡೋಣ.

ಸೇತುವೆ ಮೇಲಿನ ಬಸ್ಸಿಗೆ ವಾಪಸ್ ಬರೋಣ. ಗಾಡಿಗೆ ಥಾಯ್‌ನಲ್ಲಿ 'ರೊತ್'. ಹೌದು, ನಮ್ಮ 'ರಥ'ವೇ. ಅಲ್ಲಿ ಬಸ್ಸು, ಕಾರು, ರೈಲು ಎಲ್ಲವೂ ಒಂದೊಂದು ರಥ. ಹೇಳಿದ ನಿಯಮದ ಪ್ರಕಾರ ಲಾವೊದಲ್ಲಿ 'ಹೊತ್' ಆಗಬೇಕಿತ್ತು. ಆಗಿಲ್ಲ, 'ಲೊತ್' ಆಗಿದೆ. ನಿಯಮ ಕೆಟ್ಟಿತೇ? ಕೆಟ್ಟಿಲ್ಲ. ನಮ್ಮಲ್ಲೂ ಪಾಲು ಹಾಲಾಯಿತು, ಆದರೆ ಪುಸ್ತಕ ಹುಸ್ತಕ ಆಗಲಿಲ್ಲ, ಪಾಪ ಹಾಪ ಆಗಲಿಲ್ಲ. ಮನೆಮಾತಿನ ಪದಗಳು ಬದಲಾದವು, ಓದಿನ ದಾರಿಯಲ್ಲಿ ಬಂದ ಪದಗಳು ಬೇರೆ ದಾರಿ ಹಿಡಿದವು. ಲಾವೊದಲ್ಲೂ ಮನೆಯ ರಕಾರ 'ಹ' ಆಯಿತು, ಹೊರಗಿಂದ ಬಂದ ರಕಾರ 'ಲ' ಆಯಿತು. ಹೀಗಾಗಿ ಒಂದು ಪದ ನೆಂಟನೋ ಅತಿಥಿಯೋ ಅನ್ನುವುದನ್ನು ಅದರ ಮೊದಲ ಅಕ್ಷರವೇ ಎಷ್ಟೋ ಸಲ ಹೇಳಿಬಿಡುತ್ತದೆ. ನನಗೆ ಈ ಒಂದು ಸಂಗತಿ ಹತ್ತು ಪುರಾಣಗಳಿಗಿಂತ ಹೆಚ್ಚು ಖುಷಿ ಕೊಡುತ್ತದೆ.

ಈಗ ನನ್ನ ಪ್ರೀತಿಯ ವಿಷಯ. ಸ್ವಲ್ಪ ಉದ್ದವಾದರೆ ಬೇಜಾರಾಗಬೇಡಿ.

ಬಳಕೆ ತಪ್ಪಿದ ಎರಡು ಅಕ್ಷರ ಬಿಟ್ಟರೆ ಥಾಯ್ ಮಗು ಅಕ್ಷರ ಕಲಿಯುವುದು ಹೀಗೆ: ಕ ಅಂದರೆ ಕೋಳಿ, ಖ ಅಂದರೆ ಮೊಟ್ಟೆ, ಖ ಅಂದರೆ ಎಮ್ಮೆ, ಖ ಅಂದರೆ ಗಂಟೆ, ಙ ಅಂದರೆ ಹಾವು. ನಮ್ಮ ಕ ಖ ಗ ಘ ಙ ಸಾಲೇ ಇದು. ಅವರ ಲಿಪಿ ಕಾಂಬೋಡಿಯಾದ ಖ್ಮೇರ್ ಲಿಪಿಯಿಂದ ಬಂತು, ಖ್ಮೇರ್ ಲಿಪಿ ದಕ್ಷಿಣ ಭಾರತದ ಪಲ್ಲವ ಲಿಪಿಯಿಂದ. ಆದರೆ ಮಧ್ಯದ ಮೂರೂ 'ಖ' ಯಾಕೆ? ಬರೆಯುವಾಗ ಮೂರು ಬೇರೆ ಬೇರೆ ಅಕ್ಷರ, ಓದುವಾಗ ಒಂದೇ ಸದ್ದು. ಇವುಗಳಲ್ಲಿ ಎಮ್ಮೆಯ 'ಖ' ಒಂದು ಕಾಲಕ್ಕೆ ನಿಜವಾಗಿಯೂ 'ಗ' ಆಗಿತ್ತು.

ನೀವೇ ಒಮ್ಮೆ ನಿಧಾನಕ್ಕೆ 'ಕಾ' ಅನ್ನಿ, ಆಮೇಲೆ 'ಗಾ' ಅನ್ನಿ. ಗಂಟಲ ಮೇಲೆ ಬೆರಳಿಟ್ಟುಕೊಳ್ಳಿ. 'ಗಾ' ಶುರುವಾಗುವಾಗ ಗಂಟಲು ಗುಂಯ್‌ಗುಟ್ಟುತ್ತದೆ, ಧ್ವನಿಪೆಟ್ಟಿಗೆ ಒಂಚೂರು ಕೆಳಗೆ ಇಳಿಯುತ್ತದೆ. ಅದರಿಂದ ಹಿಂದೆಯೇ ಬರುವ 'ಆ' ಸ್ವರದ ಶ್ರುತಿಯೂ ಕೊಂಚ ತಗ್ಗಿನಿಂದ ಶುರುವಾಗುತ್ತದೆ. ನಮಗೆ ಅದರ ಗೊಡವೆ ಬೇಡ, ಗುಂಯ್ ಸದ್ದೇ ಸಾಕು. ಹಳೆಯ ತಾಯ್ ಭಾಷೆಗಳಲ್ಲಿ ಒಂದು ಹಂತದಲ್ಲಿ ಆ ಗುಂಯ್ ಸದ್ದು ಸತ್ತುಹೋಯಿತು. 'ಗಾ' ಕೂಡ 'ಖಾ' ಆಯಿತು. ಹಾಗಾದರೆ ಎರಡು ಪದಗಳ ಗುರುತು ಹೇಗೆ? ಶ್ರುತಿ ಉಳಿದಿತ್ತಲ್ಲ! ತೇರು ಹೋಗಿ ಆಗಿದೆ, ಬೀದಿಯಲ್ಲಿ ಗಾಲಿಯ ಗುರುತು ಉಳಿದಿದೆ. ಊದುಬತ್ತಿ ಉರಿದು ಮುಗಿದಿದೆ, ಕೋಣೆಯಲ್ಲಿ ವಾಸನೆ ಉಳಿದಿದೆ. ಒದ್ದೆ ಕೊಡ ಎತ್ತಿಯಾಗಿದೆ, ನೆಲದ ಮೇಲೆ ಉಂಗುರದ ಕಲೆ ಉಳಿದಿದೆ. ಆ ಕಲೆಯೇ ಈಗ ಅರ್ಥವನ್ನು ಹೊರುತ್ತದೆ. ಬ್ಯಾಂಕಾಕ್‌ನಲ್ಲಿ 'ಖಾ' ಅಂತ ದನಿ ಏರಿಸಿದರೆ ಕಾಲು, ಸಮನಾಗಿ ಅಂದರೆ ಸಿಕ್ಕಿಹಾಕಿಕೊಂಡಿರುವುದು. ಎರಡನೆಯದನ್ನು ಇಂದಿಗೂ ಎಮ್ಮೆಯ 'ಖ'ದಲ್ಲೇ, ಅಂದರೆ ಹಳೆಯ ಗಕಾರದಲ್ಲೇ ಬರೆಯುತ್ತಾರೆ.

1946ರಿಂದ 2016ರವರೆಗೆ ಆಳಿದ ರಾಜನ ಹೆಸರೂ ಇದರಿಂದಲೇ ಅರ್ಥವಾಗುತ್ತದೆ. ಬರೆಯುವುದು ಭೂಮಿಬಲ ಅತುಲ್ಯತೇಜ, ಓದುವುದು 'ಫೂಮಿಫೊನ್ ಅದುನ್ಯದೇತ್'. 'ಫ' ಅಂದರೆ ಇಲ್ಲಿ ತುಟಿ ಸೇರಿಸಿ ಹೇಳುವ ಮಹಾಪ್ರಾಣ. ಇದು ಉಚ್ಚಾರ ಬಾರದವರ ಕಥೆ ಅಲ್ಲ, 'ಬ' ಕೂಡ 'ಗ' ಹೋದ ದಾರಿಯಲ್ಲೇ ಹೋದದ್ದು.

ಈ ಶ್ರುತಿ ಒಡೆಯುವ ಕೆಲಸ ಥಾಯ್, ಲಾವೊ ಎರಡರಲ್ಲೂ ಆಯಿತು. ಆದರೆ ಒಡೆದ ಚೂರುಗಳು ಮತ್ತೆ ಕೂಡಿಕೊಂಡ ರೀತಿ ಬೇರೆ. ಆಳು ಅನ್ನುವ 'ಖಾ', ಬೆಲೆ ಅನ್ನುವ 'ಖಾ' ಬ್ಯಾಂಕಾಕ್‌ನಲ್ಲಿ ಒಂದೇ ಶ್ರುತಿಗೆ ಸೇರಿ ಒಂದೇ ಪದದಂತೆ ಕೇಳಿಸುತ್ತವೆ. ಲಾವೋಸಿನ ರಾಜಧಾನಿ ವಿಯೆಂಟಿಯಾನ್‌ನಲ್ಲಿ ಅವು ಇನ್ನೂ ಬೇರೆ ಬೇರೆ. ವಿಲಿಯಂ ಗೆಡ್ನಿ ಎಂಬ ಅಮೆರಿಕದ ಭಾಷಾವಿಜ್ಞಾನಿ 1972ರಲ್ಲಿ ಇದಕ್ಕೊಂದು 20 ಮನೆಗಳ ಚೌಕ ಹಾಕಿಕೊಟ್ಟರು. ಹಳ್ಳಿಯೊಬ್ಬರ ಬಾಯಲ್ಲಿ ಕೆಲವು ಪದ ಹೇಳಿಸಿ, ಯಾವ ಮನೆಗಳು ಒಂದೇ ಶ್ರುತಿಯಲ್ಲಿವೆ ಅಂತ ಗುರುತು ಮಾಡಿದರೆ ಆ ಮಾತು ಯಾವ ಗುಂಪಿನದು ಅಂತ ಹೇಳಬಹುದು. ನೋಡೋಕೆ ಜಾತಕದ ಕುಂಡಲಿಯ ಥರವೇ ಇದೆ. ವ್ಯತ್ಯಾಸ ಇಷ್ಟೇ, ಇದು ಕೆಲಸ ಮಾಡುತ್ತದೆ.

ಆ ಚೌಕ ಹಿಡಿದು ಥಾಯ್ಲೆಂಡಿನ ಈಶಾನ್ಯ ಭಾಗವಾದ ಈಸಾನ್ ಪ್ರಾಂತ್ಯಕ್ಕೆ ಹೋದರೆ ಅಲ್ಲಿನ ಮಾತು ಬ್ಯಾಂಕಾಕ್ ಜೊತೆ ನಿಲ್ಲುವುದಿಲ್ಲ, ಲಾವೊ ಜೊತೆ ನಿಲ್ಲುತ್ತದೆ. ಲಾವೋಸಿನ ಜನಸಂಖ್ಯೆ ಸುಮಾರು 75 ಲಕ್ಷ. ಈಸಾನ್‌ನಲ್ಲಿ 2 ಕೋಟಿಗೂ ಜಾಸ್ತಿ ಜನ ಇದ್ದಾರೆ. ದಕ್ಷಿಣದ ಅಂಚಿನಲ್ಲಿ ಖ್ಮೇರ್ ಆಡುವವರನ್ನು ಬಿಟ್ಟರೂ, ಲಾವೊ ಆಡುವವರು ಲಾವೋಸಿಗಿಂತ ಥಾಯ್ಲೆಂಡಿನಲ್ಲೇ ಹೆಚ್ಚು.

ಹೀಗಾದದ್ದರ ಹಿಂದೆ ಯುದ್ಧದ ಕಥೆ ಇದೆ. 1779ರ ಹೊತ್ತಿಗೆ ಸಯಾಮ್, ಅಂದರೆ ಆಗಿನ ಥಾಯ್ಲೆಂಡ್, ವಿಯೆಂಟಿಯಾನನ್ನು ಗೆದ್ದು ಅಲ್ಲಿನ ಹಸಿರು ಬುದ್ಧನ ವಿಗ್ರಹವನ್ನು ಹೊತ್ತು ತಂದಿತು. ಇವತ್ತು ಬ್ಯಾಂಕಾಕ್‌ಗೆ ಹೋದವರೆಲ್ಲ ಕೈಮುಗಿಯುವುದು ಅದಕ್ಕೇ. 1826ರಲ್ಲಿ ಲಾವೊ ರಾಜ ಅನುವೊಂಗ್ ತಿರುಗಿಬಿದ್ದ, ಸೋತ. ಊರು ಸುಟ್ಟಿತು, ಸಾವಿರಾರು ಜನರನ್ನು ನದಿಯ ಈಚೆಗೆ ಸಾಗಿಸಿದರು. 1893ರಲ್ಲಿ ಫ್ರೆಂಚರು ಬಂದು ಮೆಕಾಂಗ್‌ನ ಪೂರ್ವ ದಡ ಕಿತ್ತುಕೊಂಡರು. ಪಶ್ಚಿಮ ದಡದ ಲಾವೊ ಜನ ಸಯಾಮಿನಲ್ಲೇ ಉಳಿದರು.

ಆಗ ಬ್ಯಾಂಕಾಕ್‌ನ ಅಧಿಕಾರಿಗಳಿಗೆ ಚಿಂತೆ ಹತ್ತಿತು. ಜಿಲ್ಲೆಗಳ ಹೆಸರಲ್ಲೇ 'ಲಾವೊ' ಅಂತ ಇದ್ದರೆ ನಾಳೆ ಫ್ರೆಂಚರು ಅದನ್ನೂ ಕೇಳಬಹುದಲ್ಲ? ಹೆಸರು ಬದಲಿಸಿದರು. ಲಾವೊ ಕಾವ್ ಇದ್ದದ್ದು ಈಸಾನ್ ಆಯಿತು, ಲಾವೊ ಫುವನ್ ಇದ್ದದ್ದು ಉದೊನ್, ಲಾವೊ ಛಿಯಾಂಗ್ ಇದ್ದದ್ದು ಫಾಯಪ್. ಈಶಾನ್ಯ, ಉತ್ತರ, ವಾಯವ್ಯ. ಬ್ಯಾಂಕಾಕ್ ನಡುವೆ ಕೂತರೆ ಯಾವ ದಿಕ್ಕೋ ಅದೇ ಹೆಸರು. ಸಂಸ್ಕೃತದ ಪದ ಕಂಡು ಹಿಗ್ಗುವವರು ಈ ಕಥೆ ಕೇಳಬೇಕು. ಒಂದು ಜನರ ಹೆಸರನ್ನು ನಕ್ಷೆಯಿಂದ ಅಳಿಸಲು ಬಳಸಿದ ರಬ್ಬರ್ ಅದು. ಥಾಯ್ ಜನರ 'ಸವಾತ್‌ದೀ' ನಮಸ್ಕಾರವೂ ಅಷ್ಟೇ. ನಮ್ಮ ಶಾಸನಗಳು ಶುರುವಾಗುವ 'ಸ್ವಸ್ತಿ'ಯೇ ಅದರ ಮೂಲ ನಿಜ, ಆದರೆ ಬ್ಯಾಂಕಾಕ್‌ನ ಒಬ್ಬ ಭಾಷಾ ಪಂಡಿತರು ಅದನ್ನು ನಮಸ್ಕಾರವಾಗಿ ಹೊಸೆದದ್ದು 1930ರ ದಶಕದಲ್ಲಿ.

ರಕ್ತದ ಲೆಕ್ಕವನ್ನೂ ನೋಡಿದ್ದಾರೆ. ವಿಭು ಕುಟನನ್ ಮತ್ತು ಸಂಗಡಿಗರು 2017ರಲ್ಲಿ ಥಾಯ್ ಮತ್ತು ಲಾವೊ ಜನರ ತಾಯಿ ಕಡೆಯಿಂದ ಬರುವ ಡಿಎನ್‌ಎ ಪರೀಕ್ಷಿಸಿದರು. ಭಾಷೆ ಬರೀ ಬಾಯಿಂದ ಬಾಯಿಗೆ ಹಬ್ಬಿದ್ದಲ್ಲ, ಜನರೇ ನಡೆದು ಬಂದು ತಂದದ್ದು ಅನ್ನುವ ಕಡೆಗೆ ಫಲಿತಾಂಶ ವಾಲಿತು. ಹಾಗಂತ ಯಾರೂ ಅಪ್ಪಟ ಅಲ್ಲ, ಮೊದಲೇ ಇದ್ದ ಮೋನ್, ಖ್ಮೇರ್ ಜನರ ಜೊತೆ ಬೆರೆತೇ ಇದ್ದಾರೆ.

ಅರ್ಥ ಆಗುವ ವಿಷಯದಲ್ಲಿ ವ್ಯವಹಾರ ಸಮ ಇಲ್ಲ. ವಿಯೆಂಟಿಯಾನ್‌ನ ಮನೆಗಳಲ್ಲಿ ಥಾಯ್ ಟಿವಿ ನಡೆಯುತ್ತದೆ, ಹಾಗಾಗಿ ಅವರಿಗೆ ಥಾಯ್ ಸಲೀಸು. ಬ್ಯಾಂಕಾಕ್‌ನವರಿಗೆ ಲಾವೊ ಅಷ್ಟು ಸುಲಭಕ್ಕೆ ದಕ್ಕುವುದಿಲ್ಲ. ಕೋಲಾರದವರಿಗೆ ತೆಲುಗು ಬರುತ್ತದೆ, ಹೈದರಾಬಾದಿನವರಿಗೆ ಕನ್ನಡ ಬರುತ್ತದೆಯೇ?

ಈಸಾನ್‌ನ ಮಕ್ಕಳು ಶಾಲೆಯಲ್ಲಿ ಕಲಿಯುವುದು ಥಾಯ್ ಲಿಪಿ. ತಮ್ಮ ಮಾತನ್ನು ಮೊಬೈಲಿನಲ್ಲಿ ಬರೆಯುವಾಗಲೂ ಅದೇ ಲಿಪಿ. ಆ ಲಿಪಿಯಲ್ಲಿ 44 ವ್ಯಂಜನ. ಕಟ್ಟಕಡೆಯದು ಒಂದು ಹಕಾರ, ಅದರ ಹೆಸರು ಗೂಬೆಯ 'ಹ'. ಬ್ಯಾಂಕಾಕ್‌ನ ಮಾತಿನಲ್ಲಿ ಅದಕ್ಕೆ ಕೆಲಸ ಕಡಿಮೆ. ರಕಾರ ಹಕಾರವಾದ ಈಸಾನ್‌ನಲ್ಲಿ ಮಾತ್ರ ಗೂಬೆಗೆ ಬಿಡುವಿಲ್ಲ: ಪ್ರೀತಿ, ಬಿಸಿ, ನಾವು, ಮನೆ ಎಲ್ಲವನ್ನೂ ಅದರಲ್ಲೇ ಬರೆಯಬೇಕು. ಅದೇ ಹಕಾರವನ್ನು ನದಿಯಾಚೆಯ ಲಾವೊ ಮಕ್ಕಳು ಕಲಿಯುವಾಗ ಗೂಬೆ ಅನ್ನುವುದಿಲ್ಲ. ಹ ಅಂದರೆ ಮನೆ ಅನ್ನುತ್ತಾರೆ.