ಮೊದಲು ದನಿ, ಆಮೇಲೆ ಮುಖ

ಚಿತ್ರ ನಟಿಯೊಬ್ಬಳದ್ದು. ಆದರೆ ಶುರುವಿನಲ್ಲಿ ನಟಿಯೇ ಕಾಣುವುದಿಲ್ಲ. ಗ್ರಾಮಫೋನ್ ತಟ್ಟೆ ತಿರುಗುತ್ತಿದೆ, ಅವಳ ಹಾಡು ಕೇಳುತ್ತಿದೆ. ಅತ್ತ ಅವಳ ಏಜೆಂಟು ನಿರ್ಮಾಪಕನ ಜೊತೆ ದುಡ್ಡಿನ ಚೌಕಾಸಿಗೆ ಕೂತಿದ್ದಾನೆ. ವ್ಯಾಪಾರ ನಡೆದೇ ಇರುವಾಗ ಅವಳು ಆತ್ಮಹತ್ಯೆಗೆ ಯತ್ನಿಸಿ ಬಿದ್ದಿರುವುದು ಗೊತ್ತಾಗುತ್ತದೆ.

ಇದು 1934ರ ಇಟಾಲಿಯನ್ ಚಿತ್ರ ‘ಲಾ ಸಿನ್ಯೋರಾ ದಿ ತುತ್ತಿ’ (‘ಎಲ್ಲರ ಹೆಂಗಸು’). ಸೌಂಡ್ ಎಡಿಟಿಂಗ್ ಕಲಿಯಲು ಬರುವ ಹುಡುಗರಿಗೆ ಈ ದೃಶ್ಯವನ್ನು ಮೊದಲು ಕೇಳಿಸುತ್ತೇನೆ, ತೋರಿಸುವುದು ಆಮೇಲೆ. ಇಟಲಿಯಲ್ಲಿ ವಾಕ್ಚಿತ್ರ ಬಂದದ್ದೇ 1930ರಲ್ಲಿ. ನಾಲ್ಕೇ ವರ್ಷದಲ್ಲಿ ದನಿಯನ್ನು ದೇಹದಿಂದ ಬಿಡಿಸಿ, ಅದನ್ನೇ ಸರಕಾಗಿ ತೋರಿಸುವ ಧೈರ್ಯ ಬಂದಿತ್ತು. ಹಿಟ್ಲರ್ ಬಂದ ಮೇಲೆ ಜರ್ಮನಿ ಬಿಟ್ಟಿದ್ದ ಮ್ಯಾಕ್ಸ್ ಓಫುಲ್ಸ್ ನಿರ್ದೇಶಕ. ಹಣ ಹಾಕಿದವನು ಪತ್ರಿಕೆಗಳ ಒಡೆಯ ಆಂಜೆಲೋ ರಿಝೋಲಿ. ನಟಿ ಈಸಾ ಮಿರಾಂಡಾ. 1905ರಲ್ಲಿ ಮಿಲಾನಿನಲ್ಲಿ ಹುಟ್ಟಿದವಳು, ಮೊದಲು ಟೈಪಿಸ್ಟ್ ಆಗಿದ್ದವಳು.

ಆಪರೇಷನ್ ಟೇಬಲ್ ಮೇಲೆ ಮಲಗಿದವಳ ಮುಖಕ್ಕೆ ಅರಿವಳಿಕೆಯ ಮಾಸ್ಕ್ ಇಳಿದು ಬರುತ್ತದೆ, ಅಲ್ಲಿಂದ ಹಿಂದಿನ ಕತೆ. ಕೊನೆಗೆ ಅವಳ ಪೋಸ್ಟರ್ ಅಚ್ಚಾಗುತ್ತಿದ್ದ ಯಂತ್ರ ನಿಲ್ಲುತ್ತದೆ. ತಟ್ಟೆಯಲ್ಲಿ ದನಿ, ಕಾಗದದಲ್ಲಿ ಮುಖ; ನಡುವೆ ಇದ್ದ ಹೆಂಗಸನ್ನು ಕೇಳುವವರಿಲ್ಲ. ತಾರೆಯರ ಬಗ್ಗೆ ಬಂದ ಎಷ್ಟೋ ಚಿತ್ರಗಳಿಗಿಂತ ಇದು ಖಾರವಾಗಿದೆ, ಅದೂ ತಾರೆಯನ್ನು ಹುಟ್ಟುಹಾಕಲೆಂದೇ ತೆಗೆದ ಚಿತ್ರ!

ಮೂಕಿ ಕಾಲದಲ್ಲಿ ನಟಿಗೆ ಗಡಿ ದಾಟುವುದು ಸಲೀಸು, ಮಾತು ಬರೆದು ತೋರಿಸುವ ಟೈಟಲ್ ಕಾರ್ಡ್ ಬದಲಿಸಿದರೆ ಮುಗಿಯಿತು. ಮೈಕ್ ಬಂದ ಮೇಲೆ ಉಚ್ಚಾರಣೆಯೂ ಲೆಕ್ಕಕ್ಕೆ ಬಂತು. ಮುಸೊಲಿನಿ ಸರ್ಕಾರವಂತೂ 1930ರಲ್ಲೇ ಪರಭಾಷೆಯ ಸಂಭಾಷಣೆಗೆ ತಡೆ ಹಾಕಿ, ಇಟಲಿಯಲ್ಲಿ ಡಬ್ಬಿಂಗ್ ಬೇರೂರಲು ದಾರಿ ಮಾಡಿತು. (ಡಬ್ಬಿಂಗ್ ಬೇಕೋ ಬೇಡವೋ ಎಂದು ದಶಕಗಟ್ಟಲೆ ಜಗಳವಾಡಿದ ನಮಗೆ ಇದು ತಲೆಕೆಳಗಾದ ಕತೆ.) ಇಂಥ ಹೊತ್ತಿನಲ್ಲಿ ಮಿರಾಂಡಾ ಹಾಲಿವುಡ್‌ಗೆ ಹೋದಳು. ಪ್ಯಾರಮೌಂಟ್ ಸ್ಟುಡಿಯೋಗೆ ಬೇಕಿದ್ದದ್ದು ಜರ್ಮನ್ ತಾರೆ ಮರ್ಲೀನ್ ಡೀಟ್ರಿಚ್‌ಳಂಥ ಇನ್ನೊಬ್ಬಳು. 1939ರ ‘ಹೋಟೆಲ್ ಇಂಪೀರಿಯಲ್’ ಕೂಡ ಡೀಟ್ರಿಚ್ ಅರ್ಧಕ್ಕೆ ಬಿಟ್ಟು ನಡೆದ ಯೋಜನೆಯದೇ ಹೊಸ ರೂಪ. 1940ರಲ್ಲಿ ಇನ್ನೊಂದು ಚಿತ್ರ, ಅಲ್ಲಿಗೆ ಮುಗಿಯಿತು. ಇನ್ನೊಬ್ಬರ ಅಳತೆಗೆ ಹೊಲಿದ ಪಾತ್ರದಲ್ಲಿ ಅವಳು ಸೋತಳೆನ್ನುವುದು ನನಗೆ ಒಪ್ಪಿಗೆಯಿಲ್ಲ. ಅವಳದೇ ಪಾತ್ರವನ್ನು ಅಲ್ಲಿ ಯಾರೂ ಬರೆಯಲಿಲ್ಲ.

ಅದು ಸಿಕ್ಕಿದ್ದು ಯುದ್ಧ ಮುಗಿದ ಮೇಲೆ, ರೆನೆ ಕ್ಲೆಮಾನ್‌ನ ಫ್ರೆಂಚ್-ಇಟಾಲಿಯನ್ ಚಿತ್ರದಲ್ಲಿ. ಹಲ್ಲುನೋವೆಂದು ಹಡಗಿನಿಂದ ಇಟಲಿಯ ಜಿನೋವಾ ಬಂದರಿನಲ್ಲಿ ಇಳಿಯುವ ತಲೆಮರೆಸಿಕೊಂಡ ಫ್ರೆಂಚನಾಗಿ ಜ್ಯಾಂ ಗಾಬ್ಯಾಂ, ಅವನಿಗೆ ಆಸರೆಯಾಗುವ ಹೋಟೆಲ್ ಪರಿಚಾರಿಕೆಯಾಗಿ ಮಿರಾಂಡಾ. ಥಳುಕಿಲ್ಲ, ದಣಿದ ಮುಖ. 1949ರ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂದಾಗ ಅವಳಿಗೆ 44. ಮರುವರ್ಷ ಓಫುಲ್ಸ್ ಮತ್ತೆ ಕರೆದ, ‘ಲಾ ರೋಂದ್’ ಚಿತ್ರಕ್ಕೆ. ಈ ಸಲವೂ ಕೊಟ್ಟಿದ್ದು ನಟಿಯ ಪಾತ್ರವನ್ನೇ, ಆದರೆ ಫ್ರೆಂಚಿನಲ್ಲಿ.