ಓದುಗರ ಪ್ರಶ್ನೆ: ಮನೆಯಲ್ಲಿ ಮಾಡಿದ ಮ್ಯಾಶ್ಡ್ ಪೊಟ್ಯಾಟೋ ಅಂಟಂಟಾಗುವುದೇಕೆ?

ಪ್ರಶ್ನೆ: ಹೊರಗೆ ತಿನ್ನುವ ಮ್ಯಾಶ್ಡ್ ಪೊಟ್ಯಾಟೋ ಬಾಯಲ್ಲಿಟ್ಟರೆ ಕರಗುತ್ತದೆ. ಮನೆಯಲ್ಲಿ ಬೆಣ್ಣೆ, ಹಾಲು ಧಾರಾಳವಾಗಿ ಹಾಕಿ, ಒಂದು ಗಂಟೂ ಉಳಿಯದ ಹಾಗೆ ಮಿಕ್ಸಿಯಲ್ಲಿ ನುಣ್ಣಗೆ ಮಾಡಿದರೂ ಅಂಟಂಟಾಗಿ ಚಮಚಕ್ಕೆ ಜೋತುಬೀಳುತ್ತದೆ. ಇನ್ನಷ್ಟು ಹಾಲು ಸೇರಿಸಿದರೂ ಸರಿಹೋಗುವುದಿಲ್ಲ. ಎಲ್ಲಿ ತಪ್ಪುತ್ತಿದ್ದೇನೆ?

ಉತ್ತರ: ತಪ್ಪು ಮಿಕ್ಸಿಯಲ್ಲಿದೆ. ಬೆಣ್ಣೆ, ಹಾಲಿನ ಅಳತೆ ಹೆಚ್ಚುಕಡಿಮೆಯಾದರೆ ರುಚಿಯಲ್ಲಿ ವ್ಯತ್ಯಾಸ ಬರುತ್ತದೆ, ಅಷ್ಟೇ. ಅಂಟು ಬರುವುದು ಬ್ಲೇಡಿನಿಂದ. ಬೆಂದ ಆಲೂಗಡ್ಡೆಯನ್ನು ಒತ್ತಬೇಕು, ರುಬ್ಬಬಾರದು. ಕಾರಣ ತಿಳಿದುಕೊಂಡರೆ ಗಡ್ಡೆ ಆರಿಸುವುದರಿಂದ ಹಿಡಿದು ಹಾಲು ಸುರಿಯುವವರೆಗೆ ಯಾವ ಹಂತದಲ್ಲಿ ಎಚ್ಚರ ಬೇಕು ಎಂಬುದು ನಿಮಗೇ ಹೊಳೆಯುತ್ತದೆ. ಹಾಗಾಗಿ ಮೊದಲು ಅದನ್ನೇ ಹೇಳುತ್ತೇನೆ.

ಆಲೂಗಡ್ಡೆಯ ಒಂದೊಂದು ಜೀವಕೋಶದ ಒಳಗೂ ಪಿಷ್ಟದ ಸಣ್ಣ ಕಣಗಳು ತುಂಬಿರುತ್ತವೆ. ಗಡ್ಡೆ ಬೇಯುವಾಗ ಒಳಗಿನ ಬಿಸಿ 60 ಡಿಗ್ರಿ ಸೆಲ್ಸಿಯಸ್ ದಾಟುತ್ತಿದ್ದಂತೆ ಈ ಕಣಗಳು ಸುತ್ತಲಿನ ನೀರನ್ನು ಹೀರಿಕೊಂಡು ಉಬ್ಬಿ ಮೆತ್ತಗಾಗುತ್ತವೆ. ಬಿಸಿ ಇನ್ನೂ ಏರಿ ಕುದಿಯ ಹತ್ತಿರ ಬಂದಾಗ, ಕೋಶಗಳನ್ನು ಒಂದಕ್ಕೊಂದು ಹಿಡಿದಿಟ್ಟಿರುವ ಪೆಕ್ಟಿನ್ ಸಡಿಲವಾಗುತ್ತದೆ. ಚಾಕು ಚುಚ್ಚಿದರೆ ಸಲೀಸಾಗಿ ಇಳಿಯುತ್ತದೆಯಲ್ಲ, ಅದು ಈ ಹಂತ. ಆಗ ಗಡ್ಡೆಯನ್ನು ಮೇಲಿನಿಂದ ಒತ್ತಿದರೆ ಕೋಶಗಳು ಬಹುಪಾಲು ಒಡೆಯದೆ ಬಿಡಿಬಿಡಿಯಾಗುತ್ತವೆ. ಉಬ್ಬಿದ ಪಿಷ್ಟ ಕೋಶದೊಳಗೇ ಉಳಿಯುತ್ತದೆ. ನಾಲಿಗೆಗೆ ಹಗುರವಾಗಿ, ನಯವಾಗಿ ತಾಗುವುದು ಈ ಬಿಡಿಕೋಶಗಳೇ.

ಮಿಕ್ಸಿಯ ಬ್ಲೇಡು ಕೋಶಗಳ ಗೋಡೆಯನ್ನೇ ಸೀಳಿಬಿಡುತ್ತದೆ. ಒಳಗಿದ್ದ ಪಿಷ್ಟವೆಲ್ಲ ಹೊರಗೆ ಸುರಿದು, ಸಿಕ್ಕ ನೀರು, ಹಾಲಿನೊಡನೆ ಸೇರಿ ಅಂಟಾಗುತ್ತದೆ. ಮೈದಾ ಕಾಸಿ ಪೋಸ್ಟರ್ ಅಂಟಿಸುವ ಗೋಂದಿನಲ್ಲೂ ಕೆಲಸ ಮಾಡುವುದು ಬಿಸಿನೀರಲ್ಲಿ ಉಬ್ಬಿದ ಪಿಷ್ಟವೇ. ಅದಕ್ಕೇ ಮತ್ತಷ್ಟು ಹಾಲು ಹಾಕಿದರೂ ನಿಮಗೆ ಪ್ರಯೋಜನವಾಗಲಿಲ್ಲ. ಗೋಂದು ತೆಳ್ಳಗಾಯಿತೇ ಹೊರತು ಗೋಂದಾಗಿಯೇ ಉಳಿಯಿತು. ಹ್ಯಾಂಡ್ ಬ್ಲೆಂಡರ್, ಫುಡ್ ಪ್ರೊಸೆಸರ್ ಕೂಡ ಇದನ್ನೇ ಮಾಡುತ್ತವೆ. ಮ್ಯಾಶರಿನಲ್ಲೇ ಆದರೂ ಹತ್ತು ನಿಮಿಷ ಬಿಡದೆ ಕುಟ್ಟಿದರೆ ಅಂಟು ಬರುತ್ತದೆ.

ಹಾಗಾದರೆ ಗಂಟಿಲ್ಲದೆ ನಯವಾಗಿಸುವುದು ಹೇಗೆ? ಯುರೋಪ್, ಅಮೆರಿಕದ ಅಡುಗೆಮನೆಗಳಲ್ಲಿ ಇದಕ್ಕೆಂದೇ ರೈಸರ್ ಎಂಬ ಸಾಧನವಿದೆ. ತಳದಲ್ಲಿ ಸಣ್ಣ ತೂತುಗಳಿರುವ ಒಂದು ಬಟ್ಟಲು, ಅದರೊಳಗೆ ಇಳಿಯುವ ಒಂದು ಒತ್ತುಗ. ಬೆಂದ ಗಡ್ಡೆ ಇಟ್ಟು ಒತ್ತಿದರೆ ಎಳೆ ಎಳೆಯಾಗಿ ಕೆಳಗಿಳಿಯುತ್ತದೆ. ಈ ವಿವರಣೆ ಓದುವಾಗಲೇ ನಿಮಗೆ ಮನೆಯ ಶಾವಿಗೆ ಒರಳು ನೆನಪಾಗಿರಬೇಕು. ಹೌದು, ಅದೇ ಸಾಕು. ಒತ್ತುಶಾವಿಗೆ ಮಾಡುವ ಮನೆಗಳಲ್ಲಿ ಈ ಕೆಲಸಕ್ಕೆ ಬೇಕಾದ ಅತ್ಯುತ್ತಮ ಉಪಕರಣ ಆಗಲೇ ಅಟ್ಟದ ಮೇಲಿದೆ, ದುಡ್ಡು ಕೊಟ್ಟು ರೈಸರ್ ತರಿಸಬೇಕಾಗಿಲ್ಲ. ಶಾವಿಗೆ ಒರಳು ಇಲ್ಲದವರು ಚಕ್ಕುಲಿ ಒರಳಿಗೆ ಸಣ್ಣ ತೂತಿನ ಸೇವೆಯ ಬಿಲ್ಲೆ ಹಾಕಿಕೊಳ್ಳಬಹುದು. ಅದೂ ಇಲ್ಲದಿದ್ದರೆ ಗಟ್ಟಿಯಾದ ಸ್ಟೀಲ್ ಜರಡಿಯ ಮೇಲೆ ಗಡ್ಡೆಯಿಟ್ಟು ಸೌಟಿನ ಬೆನ್ನಿನಿಂದ ಕೆಳಕ್ಕೆ ಒತ್ತಿ. ವೃತ್ತಾಕಾರವಾಗಿ ಉಜ್ಜಬೇಡಿ, ನೇರ ಒತ್ತಿ. ಪಾವ್ ಭಾಜಿ ಮ್ಯಾಶರ್ ಇದ್ದರೆ ಅಡ್ಡಿಯಿಲ್ಲ, ಅಲ್ಲೊಂದು ಇಲ್ಲೊಂದು ಸಣ್ಣ ಗಂಟು ಉಳಿಯುತ್ತದೆ, ಅಷ್ಟೇ. ನನಗಂತೂ ಅಂಟಿಗಿಂತ ಗಂಟು ಎಷ್ಟೋ ಮೇಲು.

ಒತ್ತುವಾಗ ಗಡ್ಡೆ ಬಿಸಿಯಾಗಿಯೇ ಇರಬೇಕು ಎಂಬುದನ್ನು ಮರೆಯಬೇಡಿ. ಆರಿದ ಗಡ್ಡೆಯ ಪಿಷ್ಟ ಬಿಗಿದುಕೊಂಡಿರುತ್ತದೆ, ಜೋರಾಗಿ ಒತ್ತಬೇಕಾಗುತ್ತದೆ, ಜೋರಾಗಿ ಒತ್ತಿದಷ್ಟೂ ಕೋಶ ಒಡೆಯುತ್ತದೆ. ಒಂದು ಕೈಯಲ್ಲಿ ಬಟ್ಟೆ ಹಿಡಿದು ಬಿಸಿಬಿಸಿಯಾಗಿಯೇ ಸಿಪ್ಪೆ ಸುಲಿದು ಒರಳಿಗೆ ಹಾಕಿ.

ಇನ್ನು ಗಡ್ಡೆಯ ವಿಚಾರ. ಬೆಂದರೆ ಹಿಟ್ಟುಹಿಟ್ಟಾಗಿ ಉದುರುವ ಜಾತಿ ಒಂದು, ಬೆಂದರೂ ಹೋಳು ಹೋಳಾಗಿ ಗಟ್ಟಿ ನಿಲ್ಲುವ ಜಾತಿ ಇನ್ನೊಂದು. ಮೊದಲನೆಯದರಲ್ಲಿ ಪಿಷ್ಟ ಹೆಚ್ಚು, ನೀರು ಕಡಿಮೆ. ಕೋಶಗಳು ಸುಲಭವಾಗಿ ಬಿಡಿಸಿಕೊಳ್ಳುತ್ತವೆ. ಮ್ಯಾಶ್‌ಗೆ ಅದೇ ಸೂಕ್ತ. ನಮ್ಮ ದೇಶದ ತಳಿಗಳ ಹೆಸರೆಲ್ಲ ಕುಫ್ರಿ ಎಂದು ಶುರುವಾಗುವುದನ್ನು ರೈತ ಕುಟುಂಬದವರು ಗಮನಿಸಿರುತ್ತೀರಿ. ಅದು ಶಿಮ್ಲಾ ಬಳಿಯ ಊರು, ಕೇಂದ್ರೀಯ ಆಲೂಗಡ್ಡೆ ಸಂಶೋಧನಾ ಸಂಸ್ಥೆ ಬಿಡುಗಡೆ ಮಾಡಿದ ತಳಿಗಳಿಗೆ ಆ ಊರಿನ ಹೆಸರು. ಹಾಸನದ ಸುತ್ತಮುತ್ತ ಮುಂಗಾರಿನಲ್ಲಿ ಹೆಚ್ಚಾಗಿ ಬೆಳೆಯುವ ಕುಫ್ರಿ ಜ್ಯೋತಿ 1968ರಷ್ಟು ಹಳೆಯ ತಳಿ, ಅದರ ಬಿತ್ತನೆ ಗಡ್ಡೆ ಇಂದಿಗೂ ಪಂಜಾಬಿನ ಜಲಂಧರದ ಕಡೆಯಿಂದ ಬರುತ್ತದೆ. ಜ್ಯೋತಿ ಎರಡರ ನಡುವಿನದು, ಚೆನ್ನಾಗಿ ಬಲಿತಿದ್ದರೆ ಮ್ಯಾಶ್‌ಗೆ ಒದಗುತ್ತದೆ. ಕುಫ್ರಿ ಪುಖ್ರಾಜ್‌ನಲ್ಲಿ ನೀರು ಜಾಸ್ತಿ, ಪಲ್ಯ ಸಾಗುಗಳಿಗೆ ಇಟ್ಟುಕೊಳ್ಳಿ. ಹೆಸರೇ ಹೇಳುವಂತೆ ಚಿಪ್ಸ್‌ಗಾಗಿ ಬಂದ ಚಿಪ್ಸೋನಾ ಗಡ್ಡೆಗಳು ಸಿಕ್ಕರೆ ಬಿಡಬೇಡಿ, ಅವು ಒಳ್ಳೆಯ ಹಿಟ್ಟಿನ ಜಾತಿ.

ಅಂಗಡಿಯವರಿಗೆ ತಳಿಯ ಹೆಸರು ಗೊತ್ತಿಲ್ಲದಿದ್ದರೆ ಮನೆಯಲ್ಲೇ ಒಂದು ಪರೀಕ್ಷೆ ಮಾಡಬಹುದು. ಹನ್ನೊಂದು ಲೋಟ ನೀರಿಗೆ ಒಂದು ಲೋಟ ಉಪ್ಪು ಕರಗಿಸಿ ಗಡ್ಡೆ ಹಾಕಿ. ಹಿಟ್ಟಿನ ಗಡ್ಡೆ ಭಾರವಾದ್ದರಿಂದ ಮುಳುಗುತ್ತದೆ, ನೀರು ಹೆಚ್ಚಿರುವುದು ತೇಲುತ್ತದೆ. ತೆಳು ಸಿಪ್ಪೆ ಉಗುರಿನಲ್ಲೇ ಕಿತ್ತುಬರುವ ಹೊಸ ಗಡ್ಡೆಯನ್ನು ಈ ಅಡುಗೆಗೆ ತರಬೇಡಿ. ಹಾಗೆಯೇ ಆಲೂಗಡ್ಡೆಯನ್ನು ಫ್ರಿಜ್ಜಿನಲ್ಲಿಡಬೇಡಿ. ಆ ತಣುಪಿಗೆ ಪಿಷ್ಟದ ಒಂದು ಪಾಲು ಸಕ್ಕರೆಯಾಗಿ ಮ್ಯಾಶ್ ಸಿಹಿಸಿಹಿಯಾಗುತ್ತದೆ. ಶೀತಲಗೃಹದಿಂದ ಬಂದ ಗಡ್ಡೆ ಕೆಲವೊಮ್ಮೆ ಸಿಹಿ ಹೊಡೆಯುವುದೂ ಇದೇ ಕಾರಣಕ್ಕೆ.

ಹೊರದೇಶದಲ್ಲಿರುವವರಿಗೆ ಆಯ್ಕೆ ಸುಲಭ. ಅಮೆರಿಕದಲ್ಲಿ ರಸೆಟ್ ಅಥವಾ ಯೂಕಾನ್ ಗೋಲ್ಡ್, ಬ್ರಿಟನ್ನಿನಲ್ಲಿ ಮಾರಿಸ್ ಪೈಪರ್ ಅಥವಾ ಕಿಂಗ್ ಎಡ್ವರ್ಡ್ ಎಂದು ಚೀಲದ ಮೇಲೇ ಬರೆದಿರುತ್ತದೆ. ರಸೆಟ್ ಹಗುರ, ಯೂಕಾನ್ ಗೋಲ್ಡ್ ಸ್ವಲ್ಪ ಸಾಂದ್ರ, ಬಣ್ಣವೇ ಬೆಣ್ಣೆಯದು. ಕೆನಡಾದ ಒಂಟಾರಿಯೊದ ಗ್ವೆಲ್ಫ್ ವಿಶ್ವವಿದ್ಯಾಲಯದಲ್ಲಿ ಬೆಳೆಸಿ 1980ರಲ್ಲಿ ಹೊರತಂದ ಈ ತಳಿ ನನಗೆ ಬಹಳ ಇಷ್ಟ. ನವೆಂಬರಿನ ನಾಲ್ಕನೇ ಗುರುವಾರ, ಅಮೆರಿಕದ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಊಟಕ್ಕೆ ಒಂದು ಪಾತ್ರೆ ಒಯ್ಯಬೇಕಾದ ಕನ್ನಡದ ಮನೆಗಳಿಗೆ ಅರ್ಧ ರಸೆಟ್, ಅರ್ಧ ಯೂಕಾನ್ ಗೋಲ್ಡ್ ಬೆರೆಸಿ ನೋಡಿ ಎನ್ನುತ್ತೇನೆ.

ಬೇಯಿಸುವಾಗ ಗಡ್ಡೆಯನ್ನು ಸಿಪ್ಪೆ ಸಮೇತ, ಇಡಿಯಾಗಿ ತಣ್ಣೀರಿನಲ್ಲಿ ಹಾಕಿ ಒಲೆಗಿಡಿ. ಲೀಟರಿಗೆ ಎರಡು ಟೀ ಚಮಚ ಉಪ್ಪು. ಕುದಿಯುವ ನೀರಿಗೆ ಹಾಕಿದರೆ ಹೊರಭಾಗ ಕರಗುವಾಗ ನಡುಭಾಗ ಇನ್ನೂ ಹಸಿಯಿರುತ್ತದೆ. ಬೋರ್‌ವೆಲ್‌ನ ಗಡಸು ನೀರಿನ ಕ್ಯಾಲ್ಸಿಯಂ ಪೆಕ್ಟಿನ್ನನ್ನು ಬಿಗಿಗೊಳಿಸುವುದರಿಂದ ಅಂಥ ಊರಿನವರು ಆರ್‌ಓ ಫಿಲ್ಟರ್ ನೀರು ಬಳಸಿ. ಹುಣಸೆಹುಳಿ ಬಿದ್ದ ಸಾಂಬಾರಿನಲ್ಲಿ ಆಲೂಗಡ್ಡೆ ಬೇಗ ಮೆತ್ತಗಾಗದಿರುವುದೂ ಪೆಕ್ಟಿನ್ನಿನ ಕಾರಣಕ್ಕೇ, ಅಲ್ಲಿ ಹುಳಿ ಅದನ್ನು ಬಿಗಿಹಿಡಿಯುತ್ತದೆ. ಕುಕ್ಕರ್ ಬೇಕೆನ್ನುವವರು ಒಳಪಾತ್ರೆಗೆ ನೀರು ಹಾಕದೆ, ಹಬೆಯಲ್ಲೇ ಬೇಯುವ ಹಾಗೆ ಇಡಿ. ಸಿಪ್ಪೆ ಬಿರಿದು ಒಳಕ್ಕೆ ನೀರು ಹೋಗುವಷ್ಟು ಬೇಯಿಸಬಾರದು. ಅರ್ಧಂಬರ್ಧ ಬೆಂದಿದ್ದರೂ ಕಷ್ಟ, ಗಂಟುಗಳನ್ನು ಮುರಿಯಲು ಹೋಗಿ ಮತ್ತೆ ಅಂಟಿಗೇ ಬಂದು ನಿಲ್ಲುತ್ತೀರಿ.

ಒತ್ತಿದ ಮೇಲೆ ದಪ್ಪ ತಳದ ಪಾತ್ರೆಯಲ್ಲಿ ಸಣ್ಣ ಉರಿಯ ಮೇಲೆ ಎರಡು ಮೂರು ನಿಮಿಷ ಮೆಲ್ಲಗೆ ಮಗುಚಿ, ನೀರಿನಂಶ ಹಬೆಯಾಗಿ ಹೋಗಲಿ. ತಳದಲ್ಲಿ ತೆಳ್ಳನೆಯ ಪದರ ಕಾಣಿಸಿದರೆ ಸಾಕಾಯಿತು. ಈ ಹಂತವನ್ನು ಬಹಳ ಮಂದಿ ಬಿಟ್ಟುಬಿಡುತ್ತಾರೆ. ನೀರು ಹೋದ ಜಾಗದಲ್ಲೇ ಬೆಣ್ಣೆ, ಹಾಲು ಕೂರಬೇಕು.

ಒಂದು ಕಿಲೋ ಗಡ್ಡೆಗೆ ನನ್ನ ಅಳತೆ 100 ಗ್ರಾಂ ಉಪ್ಪಿಲ್ಲದ ಬೆಣ್ಣೆ, ಸುಮಾರು 200 ಮಿಲಿ ಗಟ್ಟಿ ಹಾಲು. ಐದಾರು ಮಂದಿಗೆ ಆಗುತ್ತದೆ. ಮೊದಲು ಬೆಣ್ಣೆ, ಆಮೇಲೆ ಹಾಲು. ಹೊರಬಿದ್ದ ಅಲ್ಪಸ್ವಲ್ಪ ಪಿಷ್ಟದ ಮೇಲೆ ಮೊದಲೇ ಜಿಡ್ಡು ಹರಡಿದರೆ ಅದು ಹಾಲನ್ನು ಹೀರಿ ಅಂಟಾಗುವುದು ಕಡಿಮೆ. ಬೆಣ್ಣೆ ತಣ್ಣಗಿದ್ದು ಸಣ್ಣ ತುಂಡುಗಳಾಗಿರಲಿ, ಹಾಲು ಮಾತ್ರ ಕುದಿಬಂದು ಬಿಸಿಯಾಗಿರಲಿ. ಹಾಲನ್ನು ಒಮ್ಮೆಲೇ ಸುರಿಯದೆ ಸ್ವಲ್ಪ ಸ್ವಲ್ಪವಾಗಿ ಹಾಕುತ್ತ ಹದ ನೋಡಿ. ಗಡ್ಡೆ ಗಡ್ಡೆಗೂ ಹಿಡಿಯುವ ಹಾಲು ಬೇರೆ. ಮನೆಯಲ್ಲೇ ಕಡೆದ ಬೆಣ್ಣೆಯ ನವಿರಾದ ಹುಳಿ ಇದಕ್ಕೆ ತುಂಬ ಚೆನ್ನಾಗಿ ಹೊಂದುತ್ತದೆ, ಹಿಂಡಿ ಮಜ್ಜಿಗೆ ತೆಗೆದಿರಬೇಕು ಅಷ್ಟೆ. ತುಪ್ಪ ಹಾಕಬಹುದೇ ಎಂದು ಹಲವರು ಕೇಳುತ್ತಾರೆ. ಹಾಕಿದರೆ ರುಚಿ ಕೆಡುವುದಿಲ್ಲ, ಆದರೆ ತುಪ್ಪದ ಘಮ ಮುಂದೆ ನಿಂತು ಆಲೂಗಡ್ಡೆ ಹಿಂದೆ ಸರಿಯುತ್ತದೆ, ನಯವೂ ಅಷ್ಟು ಬರುವುದಿಲ್ಲ. ಈ ಅಡುಗೆಗೆ ಬೆಣ್ಣೆಯೇ ಸರಿ. ಬೆಳ್ಳುಳ್ಳಿ ಇಷ್ಟವಾದರೆ ಎರಡು ಎಸಳು ಜಜ್ಜಿ ಹಾಲಿನಲ್ಲೇ ಕುದಿಸಿ ಸೋಸಿಕೊಳ್ಳಿ. ಕಡೆಗೆ ಉಪ್ಪು, ಆಗತಾನೇ ಕುಟ್ಟಿದ ಕಾಳುಮೆಣಸು.

ಬೆಣ್ಣೆಯ ಪ್ರಮಾಣ ಎಲ್ಲಿಯವರೆಗೆ ಹೋಗಬಹುದು ಎಂಬುದಕ್ಕೆ ಫ್ರಾನ್ಸಿನ ಜೊಯೆಲ್ ರೊಬುಶೋ ಅವರ ಪ್ಯೂರೆ, ಅಂದರೆ ನುಣ್ಣನೆಯ ಮ್ಯಾಶ್, ಪ್ರಸಿದ್ಧ. 1981ರಲ್ಲಿ ಪ್ಯಾರಿಸ್ಸಿನಲ್ಲಿ ಜಾಮಿನ್ ಎಂಬ ರೆಸ್ಟೊರೆಂಟ್ ತೆರೆದ ಈ ಬಾಣಸಿಗರಿಗೆ ದೊಡ್ಡ ಹೆಸರು ತಂದ ಅಡುಗೆಗಳಲ್ಲಿ ಆಲೂಗಡ್ಡೆಯ ಈ ಪ್ಯೂರೆಯೂ ಒಂದು. ಕಿಲೋ ಗಡ್ಡೆಗೆ 250 ಗ್ರಾಂ ಬೆಣ್ಣೆ. ಅವರು ಆರಿಸಿದ ರಾಟ್ ಎಂಬ ಸಣ್ಣ ಗಡ್ಡೆ ಹಿಟ್ಟಿನ ಜಾತಿಯೇ ಅಲ್ಲ, ಗಟ್ಟಿ ನಿಲ್ಲುವ ಜಾತಿ. ಆದರೂ ಅಂಟಾಗದಿರಲು ಕಾರಣ ವಿಧಾನ: ಸಿಪ್ಪೆ ಸಮೇತ ಬೇಯಿಸಿ, ಕೈಯಿಂದ ತಿರುಗಿಸುವ ತೂತಿನ ಯಂತ್ರದಲ್ಲಿ ಒತ್ತಿ, ಉರಿಯ ಮೇಲೆ ನೀರಿನಂಶ ಹೋಗಲಾಡಿಸಿ, ತಣ್ಣನೆಯ ಬೆಣ್ಣೆ ಬೆರೆಸಿ, ಬಿಸಿ ಹಾಲು ಹಾಕಿ, ಕೊನೆಗೆ ನುಣ್ಣನೆಯ ಜರಡಿಯಲ್ಲಿ ಮತ್ತೊಮ್ಮೆ ಇಳಿಸುತ್ತಿದ್ದರು. ಎಲ್ಲೂ ಬ್ಲೇಡ್ ಇಲ್ಲ. ತಳಿ ಎರಡನೆಯ ಮಾತು, ಒತ್ತುವುದು ಮೊದಲನೆಯದು ಎಂದು ನಾನು ಹೇಳುವುದಕ್ಕೆ ಇದೇ ಆಧಾರ.

ಅಂಟಿನ ಭಯ ಪೂರ್ತಿ ಹೋಗಬೇಕೆನ್ನುವವರಿಗೆ ಇನ್ನೊಂದು ದಾರಿಯಿದೆ. 1950ರ ದಶಕದಲ್ಲಿ ಫಿಲಡೆಲ್ಫಿಯಾ ಬಳಿಯ ಅಮೆರಿಕ ಕೃಷಿ ಇಲಾಖೆಯ ಪ್ರಯೋಗಾಲಯದಲ್ಲಿ ಒಣ ಆಲೂಗಡ್ಡೆ ಫ್ಲೇಕ್ಸ್ ತಯಾರಿಸುವ ಕೆಲಸ ನಡೆದಾಗ ರೂಪುಗೊಂಡ ಕ್ರಮ ಇದು. ಸಿಪ್ಪೆ ತೆಗೆದು ಒಂದಂಗುಲ ದಪ್ಪದ ಬಿಲ್ಲೆಗಳಾಗಿ ಹೆಚ್ಚಿ, 70 ಡಿಗ್ರಿ ಬಿಸಿಯ ನೀರಿನಲ್ಲಿ ಅರ್ಧ ಗಂಟೆ ಇಡಬೇಕು. ಆಮೇಲೆ ತಣ್ಣೀರಿನಲ್ಲಿ ಪೂರ್ತಿ ಆರಿಸಿ, ಅನಂತರವೇ ಎಂದಿನಂತೆ ಬೇಯಿಸಬೇಕು. 70 ಡಿಗ್ರಿಯಲ್ಲಿ ಪಿಷ್ಟ ಉಬ್ಬುತ್ತದೆ, ಆದರೆ ಕೋಶಗಳು ಬಿಡುವುದಿಲ್ಲ. ಆರಿದಾಗ ಉಬ್ಬಿದ ಪಿಷ್ಟ ಕೋಶದೊಳಗೇ ಬಿಗಿದುಕೊಳ್ಳುತ್ತದೆ, ಮತ್ತೆ ಕುದಿಸಿದರೂ ಮೊದಲಿನಷ್ಟು ಅಂಟಾಗುವುದಿಲ್ಲ. ಚಿತ್ರಾನ್ನಕ್ಕೆ ಅನ್ನವನ್ನು ಆರಹಾಕಿ ಉದುರುದುರಾಗಿಸುವಾಗ ನಾವು ನೆಚ್ಚಿಕೊಳ್ಳುವುದು ಪಿಷ್ಟದ ಇದೇ ಗುಣವನ್ನು. ಥರ್ಮಾಮೀಟರ್ ಬೇಕು, ಸಮಯ ಬೇಕು; ದಿನನಿತ್ಯಕ್ಕೆ ಇಷ್ಟು ಶ್ರಮ ಬೇಡ. ಹೆಚ್ಚು ಜನರಿಗೆ, ಗಂಟೆಗಟ್ಟಲೆ ಮೊದಲೇ ಮಾಡಿಡುವಾಗ ಮಾತ್ರ ಮಾಡಿ.

ಐರ್ಲೆಂಡಿನವರು ಈ ಮ್ಯಾಶಿಗೆ ಬೆಂದ ಎಲೆಕೋಸು ಅಥವಾ ಕೇಲ್ ಸೊಪ್ಪು ಬೆರೆಸಿ ಕೋಲ್‌ಕ್ಯಾನನ್ ಮಾಡುತ್ತಾರೆ, ಹಾಲಿನಲ್ಲಿ ಬೆಂದ ಈರುಳ್ಳಿಹೂವು ಬೆರೆಸಿದರೆ ಅದು ಚಾಂಪ್. ತಟ್ಟೆಗೆ ಬಡಿಸಿ ನಡುವೆ ಗುಂಡಿ ಮಾಡಿ ಬೆಣ್ಣೆ ತುಂಬಿಸುವುದು ಅವರ ಪದ್ಧತಿ. ಮುದ್ದೆಯ ನಡುವೆ ಗುಂಡಿ ಮಾಡಿ ತುಪ್ಪ ಬಿಟ್ಟುಕೊಳ್ಳುವ ನಮಗೆ ಅದು ಹೊಸತೆನಿಸುವುದಿಲ್ಲ. ಮೊದಲ ಸಲ ಮಾಡುವವರಿಗೆ ನಾನು ಚಾಂಪ್ ಸೂಚಿಸುತ್ತೇನೆ, ಸಣ್ಣ ಗಂಟುಗಳು ಉಳಿದರೂ ಈರುಳ್ಳಿಹೂವಿನ ನಡುವೆ ಕಾಣುವುದಿಲ್ಲ.

ಈಗಾಗಲೇ ಅಂಟಾಗಿ ಹೋದದ್ದನ್ನು ಏನು ಮಾಡುವುದು? ಹೊರಬಂದ ಪಿಷ್ಟವನ್ನು ಮತ್ತೆ ಕೋಶದೊಳಕ್ಕೆ ಕಳಿಸಲಾಗದು, ಆದರೆ ಎಸೆಯಬೇಕಾಗಿಲ್ಲ. ತರಕಾರಿ ಬೇಯಿಸಿದ ನೀರು, ಹಾಲು ಸೇರಿಸಿ ಕುದಿಸಿದರೆ ಕಾರ್ನ್‌ಫ್ಲೋರ್ ಹಾಕದೆಯೇ ಗಟ್ಟಿಯಾಗುವ ಸೂಪ್ ಸಿದ್ಧ. ಅಥವಾ ಅಗಲ ತಟ್ಟೆಯಲ್ಲಿ ತೆಳ್ಳಗೆ ಹರಡಿ, ಮೇಲೆ ಚೀಸ್, ಬ್ರೆಡ್ ಪುಡಿ ಉದುರಿಸಿ ಓವನ್ನಿನಲ್ಲಿ ಕೆಂಪಗೆ ಬೇಯಿಸಿ. ಫ್ರಾನ್ಸಿನ ಒಬ್ರಾಕ್ ಬೆಟ್ಟಸೀಮೆಯಲ್ಲಂತೂ ಮ್ಯಾಶಿಗೆ ಎಳೆಯ ತೊಮ್ ಚೀಸ್ ಹಾಕಿ, ಮಾರುದ್ದ ಎಳೆ ಬರುವವರೆಗೆ ಬೇಕೆಂದೇ ಬಲವಾಗಿ ಕಲಸುತ್ತಾರೆ. ಅಲಿಗೊ ಎಂದು ಹೆಸರು. ಆ ಎಳೆಯ ಬಹುಪಾಲು ಚೀಸಿನದು, ಆದರೆ ನಿಮ್ಮ ಪಾತ್ರೆಯಲ್ಲಿರುವ ಅಂಟು ಅಲ್ಲಿ ಯಾರಿಗೂ ತೊಂದರೆ ಕೊಡುವುದಿಲ್ಲ.

ಚೆನ್ನಾಗಿ ಬಂದದ್ದನ್ನು ಬಿಸಿಯಾಗಿ ಇಡಬೇಕಾದರೆ ಮುಚ್ಚಿದ ಪಾತ್ರೆಯನ್ನು ಬಿಸಿನೀರಿನ ಅಗಲ ಪಾತ್ರೆಯೊಳಗೆ ಕೂರಿಸಿ, ಬಡಿಸುವ ಮುಂಚೆ ಎರಡು ಚಮಚ ಬಿಸಿ ಹಾಲು ಹಾಕಿ ಒಮ್ಮೆ ಮಾತ್ರ ಮಗುಚಿ. ಉಳಿದದ್ದು ಫ್ರಿಜ್ಜಿನಲ್ಲಿ ಗಟ್ಟಿಯಾಗುತ್ತದೆ. ಮರುದಿನ ಬಿಸಿ ಮಾಡಿದರೆ ಮೊದಲಿನ ನಯ ಬರುವುದಿಲ್ಲ. ಅಕ್ಕಿಹಿಟ್ಟು, ಹಸಿಮೆಣಸಿನಕಾಯಿ, ಕೊತ್ತಂಬರಿ ಸೊಪ್ಪು ಸೇರಿಸಿ ತಟ್ಟಿ ಕಾವಲಿಯ ಮೇಲೆ ಸುಡುವುದೇ ಒಳ್ಳೆಯದು. ಬೆಣ್ಣೆ ಅದರಲ್ಲೇ ಇರುವುದರಿಂದ ಎಣ್ಣೆ ಹೆಚ್ಚು ಬೇಡ.