ಕಾಸರವಳ್ಳಿ: ಕಥೆಯಿಂದ ಚಿತ್ರಕಥೆಗೆ

ಚಿತ್ರ ನಿರ್ದೇಶಕ ಗಿರೀಶ್ ಕಾಸರವಳ್ಳಿಯವರ ಬಗ್ಗೆ ಪರೀಕ್ಷೆಯಲ್ಲಿ ಉತ್ತರ ಬರೆಯುವಾಗ ಪ್ರಶಸ್ತಿಗಳ ಪಟ್ಟಿಯಿಂದಲೇ ಪುಟ ತುಂಬಿಸಬೇಡಿ. ಕನ್ನಡದ ಕಥೆ, ಕಾದಂಬರಿಗಳನ್ನು ತೆರೆಗೆ ತರುವಾಗ ಏನನ್ನು ಬದಲಿಸಿದರು, ಯಾಕೆ ಬದಲಿಸಿದರು ಎಂಬಲ್ಲೇ ಅವರ ಕಸುಬು ಇರುವುದು.

ಹಿನ್ನೆಲೆ ಇಷ್ಟು ಸಾಕು: 1950ರಲ್ಲಿ ತೀರ್ಥಹಳ್ಳಿ ತಾಲ್ಲೂಕಿನಲ್ಲಿ ಜನನ, ಮಣಿಪಾಲದಲ್ಲಿ ಫಾರ್ಮಸಿ, ಆಮೇಲೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್. ದೇಶದ ಅತ್ಯುತ್ತಮ ಚಿತ್ರಕ್ಕೆ ಕೊಡುವ ರಾಷ್ಟ್ರಪ್ರಶಸ್ತಿ ಸ್ವರ್ಣಕಮಲ ನಾಲ್ಕು: ಅನಂತಮೂರ್ತಿಯವರ ಕಥೆಯ 'ಘಟಶ್ರಾದ್ಧ' (1977), ತೇಜಸ್ವಿಯವರ 'ತಬರನ ಕಥೆ' (1986), 'ತಾಯಿ ಸಾಹೇಬ' (1997), ನಾ. ಡಿಸೋಜರ 'ದ್ವೀಪ' (2001). ಇವು ಪ್ರಶಸ್ತಿಯ ವರ್ಷಗಳು. ಬಿಡುಗಡೆಯ ವರ್ಷ ಬೇರೆ ಇರಬಹುದು, ಬಹಳ ಜನ ತಪ್ಪುವುದು ಇಲ್ಲೇ. 'ಗುಲಾಬಿ ಟಾಕೀಸ್' ತೆರೆಕಂಡದ್ದು 2008ರಲ್ಲಿ. ಅದರಲ್ಲಿ ಉಮಾಶ್ರೀಯವರಿಗೆ ಬಂದ ರಾಷ್ಟ್ರಪ್ರಶಸ್ತಿ 2007ನೇ ಸಾಲಿನದು.

ಬದಲಾವಣೆಗೆ 'ಗುಲಾಬಿ ಟಾಕೀಸ್' ಒಳ್ಳೆಯ ಉದಾಹರಣೆ. ವೈದೇಹಿಯವರ ಕಥೆಯಲ್ಲಿ ಊರಿಗೆ ಬರುವುದು ಟಾಕೀಸು. ಸಿನಿಮಾದಲ್ಲಿ ಬರುವುದು ಡಿಶ್ ಆಂಟೆನಾ, ಅದೂ ಕಾರ್ಗಿಲ್ ಯುದ್ಧದ ದಿನಗಳಲ್ಲಿ. ಟಿವಿ ನೋಡಲು ಮುಸ್ಲಿಂ ಸೂಲಗಿತ್ತಿ ಗುಲಾಬಿಯ ಮನೆಯಲ್ಲಿ ಸೇರುವ ಹೆಂಗಸರ ನಡುವೆಯೇ ಕೋಮಿನ ಬಿರುಕು ಕಾಣತೊಡಗುತ್ತದೆ. ಕಾಲ ಬದಲಾಗದೆ ಈ ಅರ್ಥ ಹುಟ್ಟುತ್ತಿರಲಿಲ್ಲ.

ನಮ್ಮ ಕಲಬುರಗಿ ಕಡೆಯವರು ಬಿಡದೇ ನೋಡಬೇಕಾದದ್ದು 2010ರ 'ಕನಸೆಂಬೊ ಕುದುರೆಯನೇರಿ'. ಮೂಲ, ರಾಯಚೂರು ಸೀಮೆಯ ಅಮರೇಶ ನುಗಡೋಣಿಯವರ ಕಥೆ 'ಸವಾರಿ'. ಗೋರಿ ತೋಡುವ ಈರ್ಯನಾಗಿ ನಟಿಸಿದವರು ಬೀದರ್ ಜಿಲ್ಲೆಯ ವೈಜನಾಥ ಬಿರಾದಾರ. ನಗಿಸುವ ಸಣ್ಣ ಪಾತ್ರಗಳಲ್ಲೇ ಕಂಡ ಮುಖಕ್ಕೆ ಇಲ್ಲಿ ಇಡೀ ಸಿನಿಮಾದ ಭಾರ ಬಿದ್ದಿದೆ. ಅದನ್ನು ಅವರು ಹೊತ್ತ ರೀತಿ ಅಪರೂಪದ್ದು. ಕಲಬುರಗಿ, ಯಾದಗಿರಿ ಕಡೆಯವರಿಗೆ ಗೌಡಕಿ (ಊರಗೌಡನ ಅಧಿಕಾರ), ವಾಡೆ (ಗೌಡರ ದೊಡ್ಡ ಮನೆ) ಅಂದರೇನೆಂದು ಬಿಡಿಸಿ ಹೇಳಬೇಕಿಲ್ಲ.

ಕನಸಿನಲ್ಲಿ ಸಿದ್ಧ (ಸಂತಪುರುಷ) ಬಂದರೆ ಊರಲ್ಲಿ ಸಾವು ಖಚಿತ ಎಂಬುದು ಈರ್ಯನ ನಂಬಿಕೆ. ಸಿದ್ಧ ಬಂದಿದ್ದಾನೆ, ಆದರೆ ಯಾರೂ ಸತ್ತಿಲ್ಲ ಅನ್ನುತ್ತಾರೆ. ಅವನ ನಂಬಿಕೆಯೇ ಅಲುಗಾಡುತ್ತದೆ. ಆಮೇಲೆ ಅದೇ ಘಟನೆಗಳು ಗೌಡರ ಮನೆಯ ಕಡೆಯಿಂದ ಮತ್ತೆ ಬರುತ್ತವೆ: ಸಾವು ಆಗಿತ್ತು, ಮುಚ್ಚಿಟ್ಟಿದ್ದರು. ಇದನ್ನು 'ಫ್ಲ್ಯಾಶ್‌ಬ್ಯಾಕ್' ಎಂದು ಬರೆದರೆ ತಪ್ಪಾಗುತ್ತದೆ. ಇಲ್ಲಿ ಯಾರೂ ಹಿಂದಿನದನ್ನು ನೆನೆಯುತ್ತಿಲ್ಲ. ನೋಡುವ ಕಣ್ಣು ಬದಲಾಗಿದೆ. ಈ ಚಿತ್ರಕಥೆಗೆ ಗೋಪಾಲಕೃಷ್ಣ ಪೈ ಮತ್ತು ಕಾಸರವಳ್ಳಿ ಇಬ್ಬರಿಗೂ ರಾಷ್ಟ್ರಪ್ರಶಸ್ತಿ ಬಂತು. ಪೈಯವರ ಹೆಸರು ಬಿಡಬೇಡಿ.

ಅಭ್ಯಾಸಕ್ಕೆ ಮೊದಲು 'ಸವಾರಿ' ಓದಿ, ಘಟನೆಗಳನ್ನು ಹಾಳೆಯ ಎಡಕ್ಕೆ ಕ್ರಮವಾಗಿ ಬರೆಯಿರಿ. ಸಿನಿಮಾ ನೋಡುತ್ತ ಬಲಕ್ಕೆ ಅದರ ಕ್ರಮ ಬರೆಯಿರಿ. ಎರಡು ಸಲ ಬರುವ ಘಟನೆಗೆ ಗುರುತು ಹಾಕಿ, ಎರಡನೇ ಸಲ ಹೊಸದಾಗಿ ಏನು ತಿಳಿಯಿತು ಎಂಬುದನ್ನು ಪಕ್ಕದಲ್ಲೇ ಒಂದು ಸಾಲಿನಲ್ಲಿ ಬರೆದುಕೊಳ್ಳಿ.